ದೋಣಿಯೊಳಗಿನ ಮುಖ

ಬೆಳಗ್ಗೆ ಬಂದವನೇ ಬಾಸ್ತಿಯಾಂ ಮೊದಲು ಮಾಡುತ್ತಿದ್ದ ಕೆಲಸವೆಂದರೆ ನೊಣ ಗುಡಿಸುವುದು. ಕೋಣೆಯ ನೆಲದ ಮೇಲೆ, ಮೇಜಿನ ಅಂಚಿನಲ್ಲಿ, ದೀಪದ ಸುತ್ತ ಅವು ಕಾಲು ಮೇಲಾಗಿ ಬಿದ್ದಿರುತ್ತಿದ್ದವು. ಬಾಗಿಲು ತೆರೆದು ಮುಚ್ಚುವಷ್ಟರಲ್ಲಿ ಹೇಗೋ ನುಗ್ಗಿದವು ಮತ್ತೆ ಹೊರಗೆ ಹೋದದ್ದಿಲ್ಲ.

"ಯಜಮಾನ್ತಿ, ಇವತ್ತೂ ಪ್ರೇಕ್ಷಕರು ತುಂಬಾ ಇದ್ರು," ಎನ್ನುತ್ತಿದ್ದ, ಮೊರ ತುಂಬಿಕೊಂಡು. "ಒಬ್ರೂ ಎದ್ದು ಹೋಗಿಲ್ಲ ನೋಡು!"

ಆರ್ಮೆಲ್ ತ್ರೆವಿದಿಕ್ ನಗುತ್ತಿದ್ದಳು. ಈಚೆಗೆ ಆ ನಗೆ ಕಡಿಮೆಯಾಗತೊಡಗಿತ್ತು.

ಪ್ಯಾರಿಸ್ಸಿನ ಅಂಚಿನ ಮೋಂತ್ರೇಯ ಹಿತ್ತಲೊಂದರಲ್ಲಿ, ಹಿಂದೆ ಪಿಯಾನೋ ರಿಪೇರಿ ಮಾಡುತ್ತಿದ್ದ ಕಟ್ಟಡದಲ್ಲಿ, ಇವರಿಬ್ಬರೇ ಸೇರಿ ಅನಿಮೇಷನ್ ಚಿತ್ರ ಮಾಡುತ್ತಿದ್ದರು. ಮೇಜಿನ ಮೇಲೆ ಹಾಸಿದ ಗಾಜು, ಗಾಜಿನ ಅಡಿಯಲ್ಲಿ ದೀಪ, ಮೇಲಿನಿಂದ ಗಾಜನ್ನೇ ನೋಡುತ್ತ ತೂಗುವ ಕ್ಯಾಮೆರಾ. ಆರ್ಮೆಲ್ ಮುದ್ರಣದ ಕಪ್ಪು ಮಸಿಯನ್ನು ಬೆರಳಿನಿಂದ, ಚಿಂದಿಯಿಂದ, ಹಳೆಯ ಟೂತ್‌ಬ್ರಷ್ಷಿನಿಂದ ಗಾಜಿನ ಮೇಲೆ ಹರಡಿ ಚಿತ್ರ ಮಾಡುತ್ತಿದ್ದಳು. ಬಾಸ್ತಿಯಾಂ ಪೂಜೋಲ್ ಗುಂಡಿ ಒತ್ತಿ ಅದರ ಫೋಟೋ ಹಿಡಿಯುತ್ತಿದ್ದ. ಆಮೇಲೆ ಚಿತ್ರದ ಯಾವ ಭಾಗ ಚಲಿಸಬೇಕೋ ಅಷ್ಟನ್ನು ಒರೆಸಿ ಕೊಡುತ್ತಿದ್ದ. ಅವಳು ಅಲ್ಲೇ, ಕೂದಲೆಳೆಯಷ್ಟು ಸರಿಸಿ, ಮತ್ತೆ ಬರೆಯುತ್ತಿದ್ದಳು. ಹಿಂದಿನ ಚಿತ್ರ ಅಳಿದರೇನೇ ಮುಂದಿನದು. ದಿನವಿಡೀ ಬೆನ್ನು ಬಗ್ಗಿಸಿದರೆ ಪರದೆಯ ಮೇಲೆ ಒಂದು ಆಕಳಿಕೆಯಷ್ಟು ಹೊತ್ತು ಓಡುವ ಸರಕು ಸಿಕ್ಕುತ್ತಿತ್ತು. ಗಾಜಿನಲ್ಲಿ ತಮ್ಮ ಪ್ರತಿಬಿಂಬ ಮೂಡಬಾರದೆಂದು ಇಬ್ಬರೂ ಕಪ್ಪು ಅಂಗಿಯನ್ನೇ ತೊಡುತ್ತಿದ್ದರು. ಬೀದಿಯವರು ಅವರನ್ನು ಶವಸಂಸ್ಕಾರದ ಕಂಪನಿಯವರೆಂದು ಬಹಳ ದಿನ ತಿಳಿದಿದ್ದರು.

ಗಾಳಿಯಾಡಿದರೆ ಮಸಿಯ ಮೇಲೆ ಕೆನೆ ಕಟ್ಟುತ್ತದೆ, ಬಿಸಿಲು ಬಿದ್ದರೆ ಫಿಲ್ಮು ಕೆಡುತ್ತದೆ. ಆದ್ದರಿಂದ ಪಿಯಾನೋದವರು ಬಿಟ್ಟುಹೋಗಿದ್ದ ದಪ್ಪ ಉಣ್ಣೆಪಟ್ಟಿಗಳನ್ನು ಕತ್ತರಿಸಿ, ಕಿಟಕಿಯ ಸಂದುಗೊಂದಿಗೆಲ್ಲ ಜಡಿದು, ಮೇಲೆ ಕಪ್ಪು ಕಾಗದ ಅಂಟಿಸಲಾಗಿತ್ತು. ಬಾಗಿಲ ಅಡಿಗೂ ಒಂದು ಪಟ್ಟಿ. ಒರೆಸುವುದಕ್ಕೆ ಮಾತ್ರ ಟ್ರೈಕ್ಲೋನೇ ಆಗಬೇಕು. ಗ್ಯಾರೇಜಿನಲ್ಲಿ ಎಂಜಿನ್ನಿನ ಜಿಡ್ಡು ತೆಗೆಯಲು ಬಳಸುವ, ನೀರಿನಷ್ಟು ತಿಳಿಯಾದ, ಸಿಹಿ ವಾಸನೆಯ ದ್ರವ ಅದು. ಟರ್ಪೆಂಟೈನ್ ಹಾಕಿ ನೋಡಿದ್ದರು. ಗಾಜಿನ ಮೇಲೆ ಒಂದು ಪೊರೆ ಉಳಿದು, ಪರದೆಯ ಮೇಲೆ ಎಲ್ಲ ಮಂಕು ಬಡಿದ ಹಾಗೆ ಕಾಣುತ್ತಿತ್ತು. ಟ್ರೈಕ್ಲೋ ಸೋಕಿದರೆ ಗಾಜು ಅಂಗಡಿಯಿಂದ ಆಗಷ್ಟೇ ತಂದ ಹಾಗಿರುತ್ತಿತ್ತು. ಅದರ ವಾಸನೆಗೆ ಆರ್ಮೆಲ್‌ಗೆ ತಲೆ ಸಿಡಿಯುತ್ತಿತ್ತು. ಹಾಗಾಗಿ ಅವನು ಒರೆಸುವಾಗೆಲ್ಲ ಅವಳು ಅಡುಗೆಮನೆಗೆ ಹೋಗಿ ಒಂದು ಗುಟುಕು ಕಾಫಿ ಕುಡಿದು ಬರುತ್ತಿದ್ದಳು. ಹೋಗುವಾಗ ಬಾಗಿಲು ಮುಚ್ಚಿಕೊಂಡೇ ಹೋಗುತ್ತಿದ್ದಳು. ಗಾಳಿ ನುಗ್ಗಬಾರದಲ್ಲ! ವರ್ಷಗಟ್ಟಲೆ ನಡೆದ ವಾಡಿಕೆ ಇದು. ಅದರಲ್ಲಿ ಯೋಚಿಸುವಂಥದ್ದೇನೂ ಇರಲಿಲ್ಲ.

ಪಶ್ಚಿಮ ಕರಾವಳಿಯ ಬ್ರಿಟನಿ ಪ್ರಾಂತದ ನದೀಮುಖದ ಊರಿನಿಂದ ಬಂದ ಆರ್ಮೆಲ್, ಪ್ಯಾರಿಸ್ಸಿನಲ್ಲಿ ಮೊದಲು ಸೋಪಿನ, ಬಿಸ್ಕತ್ತಿನ ಜಾಹೀರಾತು ಚಿತ್ರಗಳಿಗೆ ಬಣ್ಣ ತುಂಬುತ್ತಿದ್ದಳು. ಸಾಲಾಗಿ ಕೂತ ಹುಡುಗಿಯರು, ಎಲ್ಲರ ಕೈಯಲ್ಲೂ ಅದೇ ಗುಲಾಬಿ ಬಣ್ಣ. ಅಲ್ಲೇ ಕ್ಯಾಮೆರಾ ನೋಡಿಕೊಳ್ಳುತ್ತಿದ್ದ ಬಾಸ್ತಿಯಾಂ ಸಿಕ್ಕಿದ. ಕೆಲಸ ಬಿಟ್ಟು ಇಬ್ಬರೂ ಮಾಡಿದ ಮೊದಲ ಕಿರುಚಿತ್ರವನ್ನು ಚಿತ್ರೋತ್ಸವದಲ್ಲಿ ಜನ ಗೇಲಿಯ ಸಿಳ್ಳೆ ಹಾಕಿ ತಿರಸ್ಕರಿಸಿದರು. ಎರಡನೆಯದರ ಹೊತ್ತಿನಲ್ಲಿ ಬಾಸ್ತಿಯಾಂನ ಮೊಣಕೈ ತಾಗಿ ಮಸಿಯ ಡಬ್ಬಿ ಗಾಜಿನ ಮೇಲೆ ಉರುಳಿತು. ಚಿತ್ರದ ಸರಣಿಯೇ ಕಡಿದು ತಿಂಗಳ ಕೆಲಸ ಮುಳುಗಿತೆಂದು ಅವನು ತಲೆಯ ಮೇಲೆ ಕೈ ಹೊತ್ತು ಕೂತ. ಅವಳು ಆ ಚೆಲ್ಲಿದ ಕಪ್ಪನ್ನು ಒರೆಸಲು ಬಿಡಲಿಲ್ಲ. ಅದನ್ನೇ ಎಳೆದೆಳೆದು ಒಂದು ನಾಯಿ ಮಾಡಿದಳು. ಊರನ್ನೆಲ್ಲ ನುಂಗುತ್ತ ಹೋಗುವ ನಾಯಿ. ಬಹುಮಾನ ಬಂತು, ಹೆಸರು ಬಂತು. ಆಮೇಲೆ ಪತ್ರಿಕೆಯವರು ಕೇಳಿದಾಗಲೆಲ್ಲ ಅವಳು ಹೇಳುತ್ತಿದ್ದುದು ಒಂದೇ ಮಾತು: ಆಕಸ್ಮಿಕವಾಗಿ ಬಂದದ್ದನ್ನು ನಾನು ಒರೆಸುವುದಿಲ್ಲ. ಕಲಾಶಾಲೆಯ ಹುಡುಗರು ಅದನ್ನು ಗೋಡೆಯ ಮೇಲೆ ಬರೆದುಕೊಂಡಿದ್ದರಂತೆ.

1974ರ ಶರತ್ಕಾಲದಲ್ಲಿ ಅವಳ ಅತಿ ದೊಡ್ಡ ಚಿತ್ರ ನಡೆಯುತ್ತಿತ್ತು. ಟೆಲಿವಿಷನ್ನಿನವರಿಗೆ ವಸಂತಕ್ಕೆ ಒಪ್ಪಿಸಬೇಕು. ಮಂಜು ಕವಿದ ನೀರು, ಆಚೆ ದಡದಿಂದ ಈಚೆ ದಡಕ್ಕೆ ಬರುವ ಒಂದು ದೋಣಿ, ಹುಟ್ಟು ಹಾಕುವ ಮುದುಕ. ದೋಣಿಯಲ್ಲಿ ಯಾರೋ ಕೂತಿದ್ದಾರೆ. ಯಾರೆಂದು ಅವಳಿಗೇ ಗೊತ್ತಿರಲಿಲ್ಲ. ಮೊದಲೇ ಬರೆದಿಟ್ಟುಕೊಂಡು ಚಿತ್ರ ಮಾಡುವವಳಲ್ಲ ಅವಳು. ದಡ ಹತ್ತಿರ ಬಂದಾಗ ತಾನಾಗಿ ತಿಳಿಯುತ್ತದೆ ಎಂದು ನಂಬಿದ್ದಳು. ದಡ ಹತ್ತಿರ ಬರುತ್ತಿತ್ತು; ತಿಳಿಯುತ್ತಿರಲಿಲ್ಲ. ಒಳಗೊಳಗೇ ಭಯವಾಗತೊಡಗಿತ್ತು.

ಒಂದು ಮಧ್ಯಾಹ್ನ ಫಿಲ್ಮು ತೊಳೆಯುವ ಲ್ಯಾಬಿನಿಂದ ಬಂದ ಸುರುಳಿಯನ್ನು ಅಡುಗೆಮನೆಯ ಮೇಜಿನ ಮೇಲಿಟ್ಟು, ಕೈಯಿಂದ ತಿರುಗಿಸುವ ಪುಟ್ಟ ಯಂತ್ರದಲ್ಲಿ ನೋಡುತ್ತಿದ್ದರು. ಆರ್ಮೆಲ್‌ಳ ಕೈ ತಟ್ಟನೆ ನಿಂತಿತು.

"ಇದೇನೋ ಇದು?"

"ಎಲ್ಲಿ?"

"ಇಲ್ಲಿ, ದೋಣಿ ಪಕ್ಕ. ಬೆಳ್ಳಗೆ."

ಬಾಸ್ತಿಯಾಂ ಕನ್ನಡಕ ಹಣೆಗೇರಿಸಿ ಬಗ್ಗಿದ. ಒಂದೇ ಒಂದು ಫ್ರೇಮ್. ಮಂಜಿನ ಮೂಲೆಯಿಂದ ಅರ್ಧ ಮುಖ ಇಣುಕಿತ್ತು. ಕೆಳಗಿನಿಂದ ಬೆಳಕು ಬಿದ್ದ ಗಲ್ಲ, ಮೂಗು, ತೆರೆದೇ ಇದ್ದ ಒಂದು ಕಣ್ಣು.

"ಅಯ್ಯೋ, ಇದು ನನ್ನ ಮೂಗು ಕಣೇ!" ಅವನು ಮೇಜು ಕುಟ್ಟಿ ನಕ್ಕ. "ಈ ಮೂಗನ್ನ ನಮ್ಮೂರ ಹಂದಿಗಳೂ ಗುರುತು ಹಿಡೀತವೆ."

"ಗಾಜಿನ ಮೇಲೆ ಯಾಕೆ ಬಗ್ಗಿದ್ದೆ?"

"ಬಗ್ಗಿಲ್ವಲ್ಲ."

"ಮತ್ತೆ ನಿನ್ನ ಮೂಗು ಒಂದೇ ನಡ್ಕೊಂಡು ಬಂತಾ?"

"ನಾನು ಬಗ್ಗಿಲ್ಲ ಅಂದ್ನಲ್ಲ!" ಎಂದ. ದನಿಯಲ್ಲಿ ನಗೆಯಿರಲಿಲ್ಲ. ಬ್ರೆಡ್ಡು ಮುರಿದು, ಚೀಸ್ ಸವರಿದ. ಒಂದು ಲೋಟ ಕೆಂಪು ವೈನ್ ಬಗ್ಗಿಸಿಕೊಂಡ. ಅರ್ಧ ಲೋಟ ಇಳಿಯುವಷ್ಟರಲ್ಲಿ ಅವನ ಕುತ್ತಿಗೆ, ಕೆನ್ನೆ, ಹಣೆಯ ಮೇಲೆ ಯಾರೋ ಬಾರಿಸಿದ ಹಾಗೆ ಕೆಂಪು ಪಟ್ಟೆಗಳೆದ್ದವು. ಈಚೆಗೆ ಯಾವಾಗಲೂ ಹೀಗೇ. ಆರ್ಮೆಲ್‌ಗೂ ಒಮ್ಮೆ, ಟ್ರೈಕ್ಲೋ ವಾಸನೆಯಲ್ಲೇ ನಿಂತಿದ್ದ ದಿನ, ಹಾಗಾಗಿ, ಅವಳು ವೈನನ್ನೇ ಬಿಟ್ಟಿದ್ದಳು. ಯಾಕೆ ಎಂದು ಯಾರಿಗೂ ಹೇಳಿರಲಿಲ್ಲ. ತನಗೇ ಹೇಳಿಕೊಂಡಿರಲಿಲ್ಲ.

ಮರುದಿನ ಅವನು ಒರೆಸುವಾಗ ಅವಳು ಅಡುಗೆಮನೆಗೆ ಹೋಗಲಿಲ್ಲ. ಹೋದಂತೆ ಮಾಡಿ ಬಾಗಿಲ ಒಳಗೆ, ಕತ್ತಲಲ್ಲಿ ನಿಂತಳು.

ಬಾಸ್ತಿಯಾಂ ಬಟ್ಟೆಗೆ ಟ್ರೈಕ್ಲೋ ಸುರಿದುಕೊಂಡು ಗಾಜಿನ ಮೇಲೆ ಬಗ್ಗಿ ನಿಧಾನವಾಗಿ, ಒಂದು ಮಗುವಿನ ಮುಖ ತೊಳೆಯುವ ಹಾಗೆ ಒರೆಸಿದ. ಬಟ್ಟೆ ಪಕ್ಕಕ್ಕಿಟ್ಟು ಸ್ಟೂಲಿನ ಮೇಲೆ ಕೂತ. ಕ್ಯಾಮೆರಾದ ಗುಂಡಿ ಒಂದು ಉದ್ದನೆಯ ತಂತಿಯ ತುದಿಯಲ್ಲಿತ್ತು. ಅದನ್ನು ಕೈಗೆ ತೆಗೆದುಕೊಂಡ. ತಲೆ ಮುಂದಕ್ಕೆ ಬಾಗತೊಡಗಿತು. ತೂಕಡಿಸುವವರ ತಲೆಯ ಹಾಗೆ ಜೋಲಲಿಲ್ಲ. ಭಾರವಾದ ಬಾಗಿಲು ತಾನಾಗಿ ಮುಚ್ಚಿಕೊಳ್ಳುವ ಹಾಗೆ ಇಳಿಯಿತು. ಕೆನ್ನೆ ಗಾಜಿನ ಅಂಚಿಗೆ ತಾಗಿ ನಿಂತಿತು. ಕಣ್ಣು ತೆರೆದೇ ಇತ್ತು. ಹೆಬ್ಬೆರಳು ಗುಂಡಿ ಒತ್ತಿತು. ಕ್ಲಿಕ್. ಬಿಟ್ಟಿತು. ಮತ್ತೆ ಒತ್ತಿತು. ಕ್ಲಿಕ್.

ಆಮೇಲೆ ತಲೆ ಎತ್ತಿ, ಏನೂ ಆಗದವನ ಹಾಗೆ ಕೂಗಿದ: "ಒರೆಸಾಯ್ತು, ಯಜಮಾನ್ತಿ! ಇನ್ನೂ ಎಷ್ಟು ಕಾಫಿ ಕುಡೀತೀಯ?"

ಆಗಲೇ ಅವಳು ಹೇಳಬೇಕಿತ್ತು. ನಾಲಗೆಯ ತುದಿಗೆ ಬಂದಿತ್ತು ಕೂಡ. ಆದರೆ ಗಾಜಿನ ಮೇಲೆ ಮಸಿ ಹಸಿಯಾಗಿತ್ತು, ದೋಣಿ ನೀರಿನ ನಡುವೆ ಇತ್ತು. "ಬಂದೆ," ಎಂದಳು.

ಆ ವಾರ ಗಾಲ್ತಿಯೇ ಎಂಬ ನಿರ್ಮಾಪಕ ಬಂದ. ಟೆಲಿವಿಷನ್ನಿನವರಿಗೂ ಇವಳಿಗೂ ನಡುವೆ ಓಡಾಡುವ, ಯಾವಾಗಲೂ ಅವಸರದಲ್ಲಿರುವ ಮನುಷ್ಯ. ಬಾಸ್ತಿಯಾಂ ಲ್ಯಾಬಿಗೆ ಹೋಗಿದ್ದ. ನಿರ್ಮಾಪಕ ಕೋಟು ಬಿಚ್ಚದೆ ನಿಂತೇ ಹೊಸ ಸುರುಳಿಗಳನ್ನು ನೋಡಿದವನು, ಮುಖವಿದ್ದ ಫ್ರೇಮುಗಳು ಬಂದಾಗ ಕುರ್ಚಿ ಎಳೆದುಕೊಂಡ.

"ಇನ್ನೊಂದು ಸಲ ತಿರುಗ್ಸಿ." ಮತ್ತೆ ನೋಡಿದ. "ಆರ್ಮೆಲ್, ಇದನ್ನ ಯಾಕ್ರೀ ಮುಚ್ಚಿಟ್ಟಿದ್ರಿ? ಮೈ ಜುಂ ಅಂತು ನಂಗೆ!"

"ಅದು ತಪ್ಪಾಗಿ ಬಂದಿದ್ದು. ಕತ್ತರಿಸಿಬಿಡ್ತೀನಿ."

"ಕತ್ತರಿಸ್ತೀರಾ? ನಿಮಗೇನು ತಲೆ ಕೆಟ್ಟಿದ್ಯಾ! ದೋಣಿಯಲ್ಲಿ ಕೂತಿರೋನು ಇವನೇ ಅಲ್ವಾ? ಬದುಕಿದ್ದಾನೋ ಸತ್ತಿದ್ದಾನೋ ಗೊತ್ತಾಗಲ್ಲ. ಆ ಕಣ್ಣು ನೋಡಿ... ಇಷ್ಟು ದಿನ ನಿಮ್ಮ ದೋಣಿ ಖಾಲಿ ಇತ್ತು, ಬೇಜಾರು ಮಾಡ್ಕೋಬೇಡಿ, ಖಾಲಿ ಇತ್ತು. ಈಗ ಆಳು ಬಂದ. ನಂಗೆ ಇವನು ಇನ್ನೂ ಬೇಕು. ಆಕಸ್ಮಿಕವಾಗಿ ಬಂದಿದ್ದನ್ನ ಒರೆಸಲ್ಲ ಅಂತ ಊರಿಗೆಲ್ಲ ಪಾಠ ಹೇಳೋರು ನೀವೇ ಅಲ್ವೇನ್ರೀ?"

ಅವನು ಹೋದ ಮೇಲೆ ಆರ್ಮೆಲ್ ಒಬ್ಬಳೇ ಕೋಣೆಗೆ ಹೋದಳು. ಅವನು ಹೇಳಿದ್ದು ನಿಜವೆಂದು ಮೊದಲ ಸಲ ನೋಡಿದಾಗಲೇ ಅವಳಿಗೆ ಗೊತ್ತಾಗಿತ್ತು. ಅವಳು ಹೆದರಿದ್ದು ಅದಕ್ಕೇ. ಇಷ್ಟು ವರ್ಷ ಬೆರಳು ಸವೆಸಿದರೂ ತನ್ನಿಂದ ಬರೆಯಲಾಗದ ಮುಖ ಅದು. ವಸಂತದವರೆಗೆ ಮಾತ್ರ, ಎಂದುಕೊಂಡಳು. ದೋಣಿ ದಡ ಮುಟ್ಟಿದ ಮರುದಿನವೇ ಕಿಟಕಿ ತೆಗೆಸುತ್ತೇನೆ, ಅವನನ್ನು ಊರಿಗೆ ಕಳಿಸುತ್ತೇನೆ, ಡಾಕ್ಟರಿಗೆ ತೋರಿಸುತ್ತೇನೆ. ಎಲ್ಲವನ್ನೂ ಪ್ರಾಮಾಣಿಕವಾಗಿಯೇ ಅಂದುಕೊಂಡಳು. ಆಮೇಲೆ ಬಾಸ್ತಿಯಾಂನ ಸ್ಟೂಲನ್ನು ಎರಡೂ ಕೈಯಿಂದ ಹಿಡಿದು, ಸದ್ದಾಗದಂತೆ ಎತ್ತಿ, ಗಾಜಿಗೆ ಒಂದು ಗೇಣು ಹತ್ತಿರ ಇಟ್ಟಳು. ಈಗ ತಲೆ ಬಾಗಿದರೆ ಅಂಚಿನಲ್ಲಿ ನಿಲ್ಲುವುದಿಲ್ಲ. ಸರಿಯಾಗಿ ದೋಣಿಯೊಳಕ್ಕೇ ಬರುತ್ತದೆ.

ಬಾಸ್ತಿಯಾಂ ಸ್ಟೂಲು ಸರಿದದ್ದನ್ನು ಗಮನಿಸಲಿಲ್ಲ. ಹಿಂದೆಲ್ಲ ತನ್ನ ಪೆನ್ಸಿಲ್ ಬೇರೆಡೆ ಇದ್ದರೂ ಮನೆ ಒಂದು ಮಾಡುತ್ತಿದ್ದ ಮನುಷ್ಯ.

ಕೆಲಸ ಚೆನ್ನಾಗಿ ನಡೆಯಿತು. ಅಷ್ಟು ಚೆನ್ನಾಗಿ ಎಂದೂ ನಡೆದಿರಲಿಲ್ಲ. ಅವಳು ದೋಣಿ ಬರೆದು ಬಾಗಿಲೆಳೆದು ಹೋಗುವಳು. ಅಡುಗೆಮನೆಯಲ್ಲಿ ಕಾಫಿ ಆರುವವರೆಗೆ ಕೂತಿರುವಳು. ಒಳಗಿನಿಂದ ಕ್ಲಿಕ್, ಕ್ಲಿಕ್ ಎಂದು ಕೇಳುವುದು. ನಿಂತಾಗ ಎದ್ದು ಹೋಗುವಳು. ಅವನ ಕೆನ್ನೆಗೆ ಮೆತ್ತಿದ ಮಸಿಯನ್ನು ನೋಡಿಯೂ ನೋಡದವಳ ಹಾಗೆ ಬೆರಳನ್ನು ಗಾಜಿಗಿಡುವಳು. ಲ್ಯಾಬಿನಿಂದ ಬಂದ ಸುರುಳಿಗಳಲ್ಲಿ ಮುಖ ದೋಣಿಯೊಳಗೆ ಮೂಡಿ, ಕರಗಿ, ಇನ್ನಷ್ಟು ಬೆಳ್ಳಗೆ ಮೂಡುತ್ತಿತ್ತು. ಆ ಸುರುಳಿಗಳನ್ನು ಅವಳು ಬಾಸ್ತಿಯಾಂಗೆ ತೋರಿಸುತ್ತಿರಲಿಲ್ಲ. ಅವನೂ ಕೇಳುವುದನ್ನು ಬಿಟ್ಟಿದ್ದ.

ನವೆಂಬರಿನಲ್ಲಿ ಬಾಸ್ತಿಯಾಂನ ಹೆಂಡತಿ ಓದೆತ್ ಬಂದಳು. ಶಾಲೆಯೊಂದರ ಅಡುಗೆಮನೆಯಲ್ಲಿ ಕೆಲಸ ಮಾಡುವ ಗಟ್ಟಿ ಹೆಂಗಸು. ಬರಿಗೈಯಲ್ಲಿ ಬರುವುದು ಅವಳ ಜಾಯಮಾನವಲ್ಲ. ಸೇಬಿನ ಪೈ ತಂದಿದ್ದಳು. ಬಾಸ್ತಿಯಾಂ ಮಸಿ ತರಲು ಹೊರಗೆ ಹೋಗಿದ್ದ. ಅದನ್ನು ನೋಡಿಕೊಂಡೇ ಬಂದಿದ್ದಳು.

"ಮದಾಮ್, ಒಂದು ಮಾತು ಕೇಳ್ತೀನಿ, ಸಿಟ್ಟು ಮಾಡ್ಕೋಬೇಡಿ. ಅವ್ರು ಇಲ್ಲಿ ಕುಡೀತಾರಾ?"

"ಇಲ್ಲ ಓದೆತ್. ಊಟಕ್ಕೆ ಒಂದು ಲೋಟ, ಅಷ್ಟೇ."

"ಡಾಕ್ಟರ್ರೂ ನಂಬಲ್ಲ. ಮುಖ ನೋಡಿದ್ರೆ ಗೊತ್ತಾಗುತ್ತೆ, ಕುಡುಕನ ಮುಖ, ಅಂತ ಅವರೆದುರೇ ಬೈದ್ರು. ಇವ್ರು ದೇವರಾಣೆ ಇಟ್ರೂ ಕೇಳ್ಲಿಲ್ಲ. ನಾನೂ..." ಓದೆತ್ ಕೈವಸ್ತ್ರವನ್ನು ಹಿಂಡಿದಳು. "ನಾನೂ ಬೈದೆ. ಭಾನುವಾರ ಸೂಪಿಗೆ ಕಾಫಿಪುಡಿ ಹಾಕಿದ್ರು. ನಾನು ನಗಾಡಿದೆ. ಅವ್ರು ಅಳೋಕೆ ಶುರು ಮಾಡ್ಬಿಟ್ರು. ಬೆಳಗ್ಗೆ ಗಡ್ಡ ಕೆರೀವಾಗ ಕೆನ್ನೆ ಕೊಯ್ಕೊಂಡ್ರೂ ಗೊತ್ತಾಗಲ್ಲ ಅವ್ರಿಗೆ. ಮುಖ ಮರದ್ದಾಗಿದೆ ಅಂತಾರೆ. ನೀವು ನನಗಿಂತ ಜಾಸ್ತಿ ಹೊತ್ತು ಅವ್ರ ಜೊತೆ ಇರ್ತೀರ. ನಿಮಗೇನೂ ಕಾಣ್ಸಲ್ವಾ?"

ಅಡುಗೆಮನೆಯ ಮೇಜಿನ ಕೆಳಗೆ, ಆರ್ಮೆಲ್‌ಳ ಕಾಲಿಗೆ ತಾಗುವಂತೆ, ಟ್ರೈಕ್ಲೋ ಡಬ್ಬಿ ಇತ್ತು. ಅದರ ಮೈಮೇಲೆ ತಲೆಬುರುಡೆಯ ಗುರುತು, ಮಸಿಯ ಬೆರಳಚ್ಚುಗಳಲ್ಲಿ ಅರ್ಧ ಮುಚ್ಚಿತ್ತು. ಅವಳು ಕಾಲನ್ನು ಮೆಲ್ಲಗೆ ಹಿಂದಕ್ಕೆಳೆದುಕೊಂಡಳು.

"ದಣಿದಿದ್ದಾನೆ," ಎಂದಳು. "ಇನ್ನು ಸ್ವಲ್ಪ ದಿನ."

"ಸ್ವಲ್ಪ ದಿನ ಅಂದ್ರೆ?"

"ದೋಣಿ ದಡ ಮುಟ್ಟೋವರೆಗೆ."

ಓದೆತ್ ಎದ್ದು ನಿಂತಳು. "ನಿಮ್ಮ ದೋಣಿ ವಿಷಯ ನಂಗೊತ್ತಿಲ್ಲ ಮದಾಮ್. ಅವ್ರನ್ನ ಮನೆಗೆ ಕಳ್ಸಿಕೊಡಿ, ಸಾಕು," ಎಂದು ಪೈಯನ್ನು ಅಲ್ಲೇ ಬಿಟ್ಟು ಹೊರಟುಹೋದಳು.

ಆ ರಾತ್ರಿ ಆರ್ಮೆಲ್‌ಗೆ ನಿದ್ದೆ ಹತ್ತಲಿಲ್ಲ. ಬೆಳಗ್ಗೆ ಎದ್ದವಳು ಇವತ್ತು ಹೇಳಿಯೇ ತೀರುತ್ತೇನೆ ಎಂದುಕೊಂಡಳು. ಆದರೆ ಗಾಜಿನ ಮೇಲೆ ದೋಣಿಯ ಮೂತಿ ದಡದ ಕೆಸರಿಗೆ ತಾಗುವುದರಲ್ಲಿತ್ತು. ಇನ್ನು ಕೆಲವೇ ಚಿತ್ರಗಳು, ಸಂಜೆಯೊಳಗೆ ಮುಗಿಯುತ್ತದೆ. ಸಂಜೆ ಹೇಳಿದರಾಯಿತು.

ಬಾಸ್ತಿಯಾಂ ಬಂದ. ನೊಣ ಗುಡಿಸುವುದನ್ನು ಮರೆತು ಅವುಗಳ ಮೇಲೇ ನಡೆದು ಸ್ಟೂಲಿನಲ್ಲಿ ಕೂತ. ದವಡೆಯ ಮೇಲೆ ಉದ್ದನೆಯ ಹಸಿ ಗಾಯ. ರಕ್ತ ಕಾಲರಿನವರೆಗೆ ಇಳಿದಿತ್ತು.

"ಏಯ್, ಕೊಯ್ಕೊಂಡಿದೀಯ ನೋಡು."

"ಎಲ್ಲಿ?" ಅವನು ಇನ್ನೊಂದು ಕೆನ್ನೆ ಮುಟ್ಟಿಕೊಂಡ. "ಇಲ್ವಲ್ಲ."

ಅವನು ಗಾಜಿನ ಮೇಲೆ ಬಗ್ಗಿದಾಗ ಗಲ್ಲದ ತುದಿಯಿಂದ ಒಂದು ಹನಿ ಬಿತ್ತು. ಕೆಳಗಿನ ಬೆಳಕಿನಲ್ಲಿ ಅದು ದೋಣಿಯ ನಡುವೆ ಕೆಂಡದ ಹಾಗೆ ಹೊಳೆಯಿತು. ಆರ್ಮೆಲ್‌ಳ ಬೆರಳು ಅದರ ಕಡೆಗೆ ಹೋಯಿತು. ಒರೆಸುವುದಕ್ಕಲ್ಲ, ಅದನ್ನು ಎಳೆದು, ಹರಡಿ, ಏನಾದರೂ ಮಾಡುವುದಕ್ಕೆ. ಏನು ಮಾಡಬಹುದೆಂದೂ ಅವಳಿಗೆ ಆಗಲೇ ಕಂಡುಬಿಟ್ಟಿತ್ತು. ಬೆರಳು ಹನಿಯನ್ನು ಮುಟ್ಟಿತು. ಅದು ಬೆಚ್ಚಗಿತ್ತು.

ಅವಳು ಕೈ ಕಿತ್ತುಕೊಂಡು ಎದ್ದಳು. ಹಲಗೆಯ ಮೇಲಿದ್ದ ಉಳಿ ತೆಗೆದುಕೊಂಡು ಕಿಟಕಿಗೆ ಹೋದಳು. ಉಣ್ಣೆಪಟ್ಟಿಯ ಕೆಳಗೆ ಉಳಿ ತೂರಿಸಿ ಮೀಟಿದಳು. ಮೊಳೆಗಳು ಕಿರುಗುಟ್ಟಿದವು, ಕಪ್ಪು ಕಾಗದ ಉದ್ದಕ್ಕೆ ಹರಿಯಿತು. ಬಾಸ್ತಿಯಾಂ ಈಗ ಅರಚುತ್ತಾನೆ ಎಂದು ಹೆಗಲು ಕುಗ್ಗಿಸಿಕೊಂಡೇ ಕಿತ್ತಳು. ಹಿಂದೊಮ್ಮೆ ಒಬ್ಬ ಪತ್ರಕರ್ತ ತಿಳಿಯದೆ ಬಾಗಿಲು ತೆರೆದಾಗ, ಅವನ ಕೊರಳಪಟ್ಟಿ ಹಿಡಿದು ಬೀದಿಯವರೆಗೆ ದಬ್ಬಿದ ಮನುಷ್ಯ ಇವನು. ಅರಚಲಿ, ಹೊಡೆಯಲಿ ಬೇಕಾದರೆ. ಚೌಕಟ್ಟು ಅಂಟಿಕೊಂಡಿತ್ತು, ಭುಜ ಕೊಟ್ಟು ನೂಕಿದಳು. ಕಿಟಕಿ ತೆರೆಯಿತು.

ನವೆಂಬರಿನ ಬೆಳಕು ಕೋಣೆಯೊಳಗೆ ಬಿತ್ತು, ಅದರ ಹಿಂದೆಯೇ ತಣ್ಣನೆಯ ಗಾಳಿ. ಗಾಜಿನ ಮೇಲಿದ್ದ ನೀರು, ಮಂಜು, ದಡ, ದೋಣಿ ಎಲ್ಲ ಒಂದು ಬೂದು ಕಲೆಯಾಗಿ ಹೋದವು. ಅವಳು ತಿರುಗಿ ನಿಂತಳು.

ಬಾಸ್ತಿಯಾಂ ಸ್ಟೂಲಿನ ಮೇಲೆ ಹಾಗೇ ಕೂತಿದ್ದ. ಬಿಸಿಲು ನೇರವಾಗಿ ಗಾಜಿನ ಮೇಲೆ, ಅವನ ಮೊಣಕಾಲಿನ ಮೇಲೆ, ಕ್ಯಾಮೆರಾದ ಮೇಲೆ ಬಿದ್ದಿತ್ತು. ಅವನು ಗಾಜನ್ನು ನೋಡಿ ಗುಂಡಿ ಒತ್ತಿದ. ಕ್ಲಿಕ್.

"ಚೆನ್ನಾಗಿ ಬಂತು," ಎಂದ. "ಮುಂದಿಂದು ಬರಿ, ಯಜಮಾನ್ತಿ."

"ಬಾಸ್ತಿಯಾಂ. ಕಿಟಕಿ ತೆಗೆದಿದೀನಿ. ನೋಡು."

ಅವನು ಕಿಟಕಿಯ ಕಡೆ ನೋಡಿದ. ಗುರುತಿಲ್ಲದವರ ಮನೆಯಲ್ಲಿ ಕೂತವನ ಹಾಗೆ ಮರ್ಯಾದೆಯ ನಗೆ ನಕ್ಕ. "ಒಳ್ಳೇದಾಯ್ತು ಬಿಡು," ಎಂದು ಮತ್ತೆ ಗಾಜಿಗೆ ಬಗ್ಗಿದ. ಕ್ಲಿಕ್.

ಅವಳು ಕ್ಯಾಮೆರಾದ ಪ್ಲಗ್ಗು ಕಿತ್ತಳು. ಅವನ ಕೈಯಿಂದ ಗುಂಡಿ ಬಿಡಿಸಿದಳು. ಕೋಟು ಹಾಕಿದಳು, ಒಂದೊಂದೇ ತೋಳನ್ನು ತಾನೇ ತೂರಿಸಬೇಕಾಯಿತು. ಅಡುಗೆಮನೆಯ ಮೇಜಿನ ಕೆಳಗಿನಿಂದ ಟ್ರೈಕ್ಲೋ ಡಬ್ಬಿ ಎತ್ತಿಕೊಂಡಳು. ಡಾಕ್ಟರಿಗೆ ಅದನ್ನು ತೋರಿಸಬೇಕು. ಅದಕ್ಕೂ ಮೊದಲು ಓದೆತ್‌ಗೆ ತೋರಿಸಬೇಕು. ಸ್ಟೂಲಿನ ವಿಷಯ ಹೇಳಬೇಕು. ಅದನ್ನು ಯಾವ ಮಾತಿನಿಂದ ಶುರು ಮಾಡಬೇಕೆಂದು ಹಿತ್ತಲು ದಾಟುವವರೆಗೂ ಯೋಚಿಸಿದಳು. ಸಿಗಲಿಲ್ಲ.

ಬೀದಿಯಲ್ಲಿ ಮಾರುಕಟ್ಟೆಯ ಗದ್ದಲವಿತ್ತು. ಮೀನಿನವನು ಇಬ್ಬರನ್ನೂ ನೋಡಿ ಟೋಪಿ ಎತ್ತಿದ. ಬಾಸ್ತಿಯಾಂ ಅವಳ ತೋಳನ್ನು ಹಿಡಿದುಕೊಂಡು, ಹೇಳಿದ ಕಡೆ ತಿರುಗುತ್ತ, ವಿಧೇಯನಾಗಿ ನಡೆಯುತ್ತಿದ್ದ. ಓದೆತ್‌ಳ ಶಾಲೆಯ ಕಟ್ಟಡ ಕಾಣತೊಡಗಿತು. ಅವಳ ತೋಳಿನ ಮೇಲೆ ಅವನ ಹೆಬ್ಬೆರಳು ಮೆತ್ತಗೆ ಒತ್ತಿತು. ಬಿಟ್ಟಿತು. ಒಂದು ಚಿತ್ರ ಅಳಿಸಿ ಇನ್ನೊಂದು ಬರೆಯುವಷ್ಟು ಹೊತ್ತು ಕಾದು, ಮತ್ತೆ ಒತ್ತಿತು.